ಇಂದ್ರಜಾಲವೂ ಔಚಿತ್ಯವೂ: ‘ನೌ ಯೂ ಸೀ ಮಿ 2’ ಚಲಚ್ಚಿತ್ರದ ವಿಮರ್ಶೆ

ಅದ್ಭುತರಸಕ್ಕೆ ವಿಸ್ಮಯವು ಸ್ಥಾಯಿಯೆಂದೂ ಮಾಯೆ, ಇಂದ್ರಜಾಲ ಮೊದಲಾದುವು ಅದರ ವಿಭಾವಗಳೆಂದೂ ಭರತನು ಹೇಳಿರುವನು. ಆದಕಾರಣ ಐಂದ್ರಜಾಲಿಕರನ್ನೇ ನಾಯಕರನ್ನಾಗಿ ಮಾಡಿಕೊಂಡ ಕಥೆಯು ಅದ್ಭುತಕ್ಕೆ ತೌರುಮನೆಯಾಗಬೇಕಾದುದು ಸಹಜ. 2016ರಲ್ಲಿ ಜಾನ್ ಎಂ. ಚೂ ಎಂಬವರ ನಿರ್ದೇಶನದಲ್ಲಿ ಹೊರಬಂದ ‘ನೌ ಯೂ ಸೀ ಮಿ 2’ ಎಂಬ ಅಮೆರಿಕದ ಚಲಚ್ಚಿತ್ರದಲ್ಲಿ ಇದು ಎಷ್ಟರಮಟ್ಟಿಗೆ ಸಿದ್ಧಿಸಿದೆಯೆಂಬುದು ವಿಚಾರಾರ್ಹವಾಗಿದೆ.

ಇದು 2013ರ ಚಿತ್ರವೊಂದರ ಉತ್ತರಭಾಗ. ಲಯೋನಲ್ ಶ್ರೈಕ್ ಎಂಬ ಮಾಂತ್ರಿಕನು ಕಬ್ಬಿಣದ ಪೆಟ್ಟಿಗೆಯೊಳಗೆ ನೀರುಪಾಲಾದನು. ಮಾಂತ್ರಿಕರ ಗುಟ್ಟನ್ನು ಬಯಲುಮಾಡುವ ಥ್ಯಾಡಿಯಸ್ ಬ್ರ್ಯಾಡ್ಲಿಯೇ ಇದಕ್ಕೆ ಕಾರಣನೆಂದು ಬಗೆದ ಮಗ ಡಿಲನ್, ನಾಲ್ವರು ಜಾದೂಗಾರರನ್ನು ಮುಂದಿಟ್ಟುಕೊಂಡು ಅವನನ್ನು ಸೆರೆಮನೆಗೆ ನೂಕಿದನು. ಇಷ್ಟು ಪೂರ್ವಕಥೆ. ಉತ್ತರಭಾಗದಲ್ಲಿ ಈ ತಂಡವು ಮಕಾವಿನಲ್ಲಿ ವಾಲ್ಟರ್ ಮೇಬ್ರಿಯೆಂಬ ಧನಿಕನ ಕೈಗೆ ಸಿಕ್ಕಿ, ಯಾವ ಗಣಕಯಂತ್ರದೊಳಕ್ಕಾದರೂ ನುಗ್ಗಬಲ್ಲ ಒಂದು ಸಾಧನವನ್ನು ಕದಿಯಬೇಕಾಗುವುದು. (ಮಾಂತ್ರಿಕಬಾಲಕನ ಪಾತ್ರದಿಂದ ಲೋಕವಿಖ್ಯಾತನಾದ ಡೇನಿಯಲ್ ರ್‍ಯಾಡ್‌ಕ್ಲಿಫ್‌ನಿಗೆ ಇಲ್ಲಿ ಮಂತ್ರವನ್ನರಿಯದ ಖಳನ ವೇಷ, ಹಾಸ್ಯವಾಗಿ ಇದು ಚೆನ್ನಾಗಿದೆ.)

ಚಿತ್ರದ ಪ್ರಾಣವೆಲ್ಲ ಆ ಕಳವಿನ ಸಂದರ್ಭದಲ್ಲಿದೆ. ಸಾಧನವನ್ನು ಇಸ್ಪೀಟೆಲೆಯೊಂದಕ್ಕೆ ಅಂಟಿಸಿದ್ದಾರೆ. ಕಾವಲುಗಾರರು ಒಬ್ಬೊಬ್ಬರನ್ನೂ ಶೋಧಿಸುತ್ತಿದ್ದಾರೆ. ಎಲೆಯು ಅಂಗೈಯಿಂದ ಹಿಂಗೈಗೆ, ತೋಳಿನಿಂದ ಬೆನ್ನಿಗೆ, ಒಬ್ಬನಿಂದ ಮತ್ತೊಬ್ಬನಿಗೆ ಜಾರುತ್ತದೆ. ಇಲ್ಲಿ ಗುಟ್ಟೆಲ್ಲವೂ ಪ್ರೇಕ್ಷಕನಿಗೆ ಗೊತ್ತು, ಮೋಸಹೋಗುವವನು ಕಾವಲುಗಾರ. ಆದುದರಿಂದ ವಿಸ್ಮಯವು ಕೈಚಳಕದಲ್ಲಿಯೇ ನೆಲೆಗೊಳ್ಳುವುದು. ಎಲೆಯು ಕೆಲವು ಕಡೆ ಮನುಷ್ಯಹಸ್ತದ ಸಾಮರ್ಥ್ಯವನ್ನು ಮೀರಿ ಹಾರುವಾಗ ಮಾತ್ರ ಈ ರಸಕ್ಕೆ ಭಂಗ. ರಂಗಸ್ಥಳದಲ್ಲಿ ನೋಡುವವನ ಕಣ್ಣೇ ಸಾಕ್ಷಿ. ಚಲಚ್ಚಿತ್ರದಲ್ಲಾದರೋ ಆ ಕಣ್ಣು ಮೊದಲೇ ಛಾಯಾಗ್ರಾಹಕನಿಗೂ ಸಂಕಲನಕಾರನಿಗೂ ಅಧೀನವಾಗಿದೆ. ಅವರು ಏನನ್ನು ತೋರಿಸಿದರೂ ಅಶಕ್ಯವೆನ್ನುವಂತಿಲ್ಲ, ಆದುದರಿಂದ ಯಾವುದೂ ಅದ್ಭುತವೂ ಅಲ್ಲ. ಲಂಡನ್ನಿನಲ್ಲಿ ಮಳೆಹನಿಗಳನ್ನು ಆಕಾಶದಲ್ಲಿಯೇ ನಿಲ್ಲಿಸುವ ಪ್ರಸಂಗಕ್ಕೆ, ಹನಿಗಳ ಗತಿಗೆ ಹೊಂದಿಸಿ ದೀಪವನ್ನು ಮಿನುಗಿಸಿದರೆ ಅವು ನಿಂತಂತೆ ಕಾಣುವುವೆಂಬ ದೃಕ್‌ಶಾಸ್ತ್ರದ ಆಧಾರವುಂಟು. ಆದರೂ ಅಲ್ಲಿ ಕಾಣುವುದು ಯಂತ್ರದ ವೈಭವವೇ.

ಶ್ರೀಹರ್ಷನ ‘ರತ್ನಾವಳಿ’ಯ ನಾಲ್ಕನೆಯ ಅಂಕದಲ್ಲಿಯೂ ಐಂದ್ರಜಾಲಿಕನೊಬ್ಬನಿರುವನು. ಅಂತಃಪುರಕ್ಕೆ ಬೆಂಕಿಬಿದ್ದಂತೆ ಅವನು ತೋರಿಸಲು, ಉದಯನನು ಸಂಕೋಲೆಯಲ್ಲಿದ್ದ ಸಾಗರಿಕೆಯನ್ನು ಉಳಿಸುವುದಕ್ಕಾಗಿ ಆ ಜ್ವಾಲೆಯೊಳಕ್ಕೆ ನುಗ್ಗುವನು. ಬೆಂಕಿ ಸುಳ್ಳು, ಅದರಿಂದ ಹೊರಪಟ್ಟ ಅನುರಾಗ ನಿಜ. ಮಂತ್ರಿ ಯೌಗಂಧರಾಯಣನ ಹೂಟವು ಬಯಲಾದ ಮೇಲೂ ಹಿಂದೆ ನಡೆದುದೊಂದೂ ವ್ಯರ್ಥವಾಗುವುದಿಲ್ಲ.

ಪ್ರಕೃತಚಿತ್ರದ ಮಹಾದೋಷವು ಇಲ್ಲಿಯೇ. ನಿರ್ವಹಣಸಂಧಿಯಲ್ಲಿ ಅದ್ಭುತವಿರಬೇಕೆಂಬುದು ಶಾಸ್ತ್ರಸಮ್ಮತವಾದುದೇ. ಥೇಮ್ಸ್ ನದಿಯಲ್ಲಿ ತೇಲುತ್ತ ನಿಂತ ವಿಮಾನವನ್ನು ಖಳರು ಹಾರುತ್ತಿರುವುದೆಂದು ಭ್ರಮಿಸಿದ ಪ್ರಸಂಗವು ಆ ವಿಧಿಗೆ ಒಪ್ಪುತ್ತದೆ. ಆದರೆ ಅನಂತರ, ಬ್ರ್ಯಾಡ್ಲಿಯು ಶ್ರೈಕನ ವೈರಿಯಲ್ಲ, ಆಪ್ತನೇ, ವೈರವೆಲ್ಲ ನಟನೆ ಎಂದು ಹೊರಪಡಿಸಿರುವುದು ಬೀಜವನ್ನೇ ಕಿತ್ತಂತಾಯಿತು. ಮೊದಲ ಚಿತ್ರದ ಪ್ರತೀಕಾರಕ್ಕೆ ಮಗನ ದುಃಖವು ಹೇಗೋ ಬ್ರ್ಯಾಡ್ಲಿಯ ಅಪರಾಧವೂ ಹಾಗೆಯೇ ಆಧಾರವಾಗಿದ್ದಿತು. ಆಪ್ತಮಿತ್ರನೊಬ್ಬನನ್ನು ಸೆರೆಗೆ ನೂಕಿದ ಡಿಲನ್‌ನಿಗೆ ಸತ್ಯವನ್ನರಿತ ಮೇಲೆ ಪಶ್ಚಾತ್ತಾಪವು ಎಷ್ಟಿರಬೇಕು! ಚಿತ್ರವು ಅದನ್ನು ಕೆಲವು ಮಾತುಗಳಲ್ಲಿ ಮುಗಿಸಿಬಿಡುವುದು. ಇನ್ನು ಮೊದಲ ಚಿತ್ರವನ್ನು ಮರಳಿ ನೋಡುವವನು, ಸೆರೆಮನೆಯಲ್ಲಿ ಬ್ರ್ಯಾಡ್ಲಿಯು ತೋರಿದ ದಿಗ್ಭ್ರಮೆಯನ್ನು ನಿಜವೆನ್ನಬೇಕೋ ನಟನೆಯೆನ್ನಬೇಕೋ ತಿಳಿಯದೆ ಸುಮ್ಮನಾಗಬೇಕಾಗಿದೆ.