ತೆರೆಯ ಮೇಲೆ ಕಾಣದ ಸೈನಿಕರು

ಕ್ರಿಸ್ಟೋಫರ್ ನೋಲನ್ ನಿರ್ದೇಶನದ ‘ಡನ್‌ಕರ್ಕ್’ (2017) ನೋಡಿದವರು ಅದರ ತಾಂತ್ರಿಕ ಕೌಶಲವನ್ನು ಮೆಚ್ಚದಿರಲಾರರು. 1940ರ ಮೇ 26ರಿಂದ ಜೂನ್ 4ರವರೆಗೆ ಫ್ರಾನ್ಸಿನ ಡನ್‌ಕರ್ಕ್‌ನಿಂದ 3,38,226 ಸೈನಿಕರನ್ನು ಹಡಗು, ದೋಣಿಗಳಲ್ಲಿ ಇಂಗ್ಲೆಂಡಿಗೆ ಸಾಗಿಸಲಾಯಿತು. ಜರ್ಮನ್ ವಿಮಾನದ ಸದ್ದಿಗೆ ಮರಳಲ್ಲಿ ಮುಖ ಹುದುಗಿಸುವ ಯುವಕರ ಭಯ ನಮ್ಮನ್ನೂ ತಟ್ಟುತ್ತದೆ.

ಆದರೆ ಅಲ್ಲಿ ಭಾರತೀಯ ಸೈನಿಕರೂ ಇದ್ದರು. 1939ರ ಡಿಸೆಂಬರ್‌ನಲ್ಲಿ ಹೇಸರಗತ್ತೆಗಳ ಮೂಲಕ ಸಾಮಾನು ಸಾಗಿಸುವ ನಾಲ್ಕು ಭಾರತೀಯ ತುಕಡಿಗಳು ಮಾರ್ಸೇಲ್ಸ್ ಬಂದರಿನಲ್ಲಿ ಇಳಿದಿದ್ದವು. ಅವರಲ್ಲಿ ಹೆಚ್ಚಿನವರು ಪಂಜಾಬಿನ ಮುಸ್ಲಿಮರು. ಒಂದು ತುಕಡಿ ಜರ್ಮನರಿಗೆ ಸೆರೆಯಾಯಿತು. ಡನ್‌ಕರ್ಕ್ ತಲುಪಿದವರು ಪ್ರಾಣಿಗಳನ್ನು ಬಿಟ್ಟು ಹಡಗೇರಿದರು. ನೋಲನ್ ಅವರ ಕ್ಯಾಮರಾ ಇವರತ್ತ ಹೊರಳುವುದೇ ಇಲ್ಲ.

‘ಮೂರು ಲಕ್ಷ ಜನರ ನಡುವೆ ಈ ಕೆಲವರನ್ನು ತೋರಿಸಲೇಬೇಕೇ?’ ಎಂದು ಕೇಳಬಹುದು. ಒಂದೇ ಚಿತ್ರವಾದರೆ ಆ ಮಾತು ಒಪ್ಪಬಹುದಿತ್ತು. ಆದರೆ ಯುದ್ಧ ಮುಗಿಯುವ ಹೊತ್ತಿಗೆ ಭಾರತೀಯ ಸೇನೆಯಲ್ಲಿ ಸುಮಾರು 25 ಲಕ್ಷ ಮಂದಿ ಇದ್ದರು. ಪಾಶ್ಚಾತ್ಯರ ಯುದ್ಧಚಿತ್ರಗಳಲ್ಲಿ ಅವರನ್ನು ಹುಡುಕಬೇಕಾಗುತ್ತದೆ. ಅಷ್ಟೇಕೆ, 1941ರ ಮೇ ತಿಂಗಳಲ್ಲಿ ಜರ್ಮನ್ ಜಲಾಂತರ್ಗಾಮಿಯಿಂದ ಎನಿಗ್ಮಾ ಯಂತ್ರವನ್ನು ವಶಪಡಿಸಿಕೊಂಡವರು ಬ್ರಿಟಿಷ್ ನಾವಿಕರು. ಆಗ ಅಮೆರಿಕ ಯುದ್ಧಕ್ಕೆ ಇಳಿದೇ ಇರಲಿಲ್ಲ. ಹಾಲಿವುಡ್‌ನ ‘ಯು-571’ (2000) ಅಂಥ ಸಾಹಸವನ್ನು ಅಮೆರಿಕನ್ನರ ಹೆಸರಿಗೆ ಬರೆಯಿತು!

ಇದಕ್ಕೆ ವಿರುದ್ಧವಾದ ಉದಾಹರಣೆ ರಶೀದ್ ಬೂಶಾರೆಬ್ ಅವರ ‘ಡೇಸ್ ಆಫ್ ಗ್ಲೋರಿ’ (2006). ಫ್ರಾನ್ಸಿನ ವಿಮೋಚನೆಗಾಗಿ ಹೋರಾಡಿದ ಉತ್ತರ ಆಫ್ರಿಕಾದ ಮುಸ್ಲಿಮ್ ಸೈನಿಕರ ಕತೆಯಿದು. ಪಾತ್ರಗಳು ಕಾಲ್ಪನಿಕ, ಅವರು ಅನುಭವಿಸುವ ತಾರತಮ್ಯ ನಿಜ. 1959ರಲ್ಲಿ ಫ್ರಾನ್ಸ್ ಇಂಥ ವಿದೇಶಿ ಯೋಧರ ಪಿಂಚಣಿಯನ್ನು ಏರಿಕೆಯಿಲ್ಲದಂತೆ ತಡೆದಿತ್ತು. ಚಿತ್ರ ನೋಡಿದ ಅಧ್ಯಕ್ಷ ಶಿರಾಕ್ ಅವರ ಸರಕಾರ, ಅದು ಬಿಡುಗಡೆಯಾಗುವ ಹೊತ್ತಿಗೇ ಪಿಂಚಣಿ ಹೆಚ್ಚಿಸುವುದಾಗಿ ಘೋಷಿಸಿತು. ಅಷ್ಟರಲ್ಲಿ ಎಷ್ಟೋ ಮಂದಿ ತೀರಿಕೊಂಡಿದ್ದರು.

ಈ ಚಿತ್ರವೂ ಪೂರ್ಣ ಸತ್ಯ ಹೇಳುವುದಿಲ್ಲ. 1944ರಲ್ಲಿ ಇಟಲಿಯಲ್ಲಿ ಇದೇ ಸೇನೆಯ ಮೊರೊಕ್ಕೊ ತುಕಡಿಗಳ ಸೈನಿಕರು ಸ್ಥಳೀಯ ಮಹಿಳೆಯರ ಮೇಲೆ ನಡೆಸಿದ ಅತ್ಯಾಚಾರಗಳ ಬಗ್ಗೆ ಅದು ಮೌನವಾಗಿದೆ. ಆ ನೋವನ್ನು ತೆರೆಗೆ ತಂದದ್ದು ಡಿ ಸಿಕಾ ಅವರ ‘ಟೂ ವಿಮೆನ್’ (1960). ನಮ್ಮವರೆಂದು ನಾವು ಭಾವಿಸುವವರ ತಪ್ಪನ್ನು ಮುಚ್ಚಿಟ್ಟರೆ, ನೋಲನ್ ಅವರನ್ನು ಪ್ರಶ್ನಿಸುವ ನೈತಿಕತೆ ನಮಗೆಲ್ಲಿಂದ ಬರಬೇಕು?

ಸಿನಿಮಾ ಪಠ್ಯಪುಸ್ತಕವಲ್ಲ, ನಿಜ. ಆದರೆ ಬಹುಪಾಲು ಜನ ಯುದ್ಧವನ್ನು ತಿಳಿಯುವುದು ಅದರಿಂದಲೇ. ಆದ್ದರಿಂದ ಯುದ್ಧಚಿತ್ರ ನೋಡುವಾಗ, ತೆರೆಯ ಮೇಲೆ ಯಾರಿಲ್ಲ ಎಂಬುದನ್ನೂ ನಾವು ಕೇಳಿಕೊಳ್ಳಬೇಕಾಗಿದೆ.