ಪರುಷ, ಕಬ್ಬಿಣ ಮತ್ತು ಕಾಯಕ: ಹಟ್ಟಿ–ಮಸ್ಕಿ ಪರಿಸರದಲ್ಲೊಂದು ಮರು ಓದು

ನಮ್ಮ ಜನಪದ ಕಥೆಗಳಲ್ಲಿಯೂ ವಚನಗಳಲ್ಲಿಯೂ ಮತ್ತೆ ಮತ್ತೆ ಕಾಣಿಸಿಕೊಳ್ಳುವ ಆಶಯಗಳಲ್ಲಿ ಪರುಷವೂ ಒಂದು. ಮುಟ್ಟಿದ ಕಬ್ಬಿಣವನ್ನು ಹೊನ್ನಾಗಿಸುವ ಈ ವಸ್ತು ಕಲ್ಪಿತ ಲೋಕಕ್ಕೆ ಸೇರಿದ್ದು. ಇದನ್ನು ಬಡವರ ಬಯಕೆಯ ಪೂರೈಕೆ ಎಂದು ವಿವರಿಸಿ ಮುಗಿಸುವುದು ಸುಲಭ. ಆದರೆ ಸಿಂಧನೂರು, ಲಿಂಗಸುಗೂರು, ಮಸ್ಕಿಗಳ ಪರಿಸರದಲ್ಲಿಟ್ಟು ನೋಡಿದಾಗ ಈ ವಿವರಣೆ ಸಾಲದು ಎಂಬುದು ಪ್ರಸ್ತುತ ಲೇಖನದ ನಿಲುವು. ಏಕೆಂದರೆ ಇದು ಹೊನ್ನು ನಿಜವಾಗಿಯೂ ದೊರೆಯುವ ನೆಲ.

ವಚನಕಾರರಲ್ಲಿ ಪರುಷವು ಮುಖ್ಯವಾಗಿ ದೀಕ್ಷೆಯ ರೂಪಕ. ಹೊನ್ನಾದುದು ಮರಳಿ ಕಬ್ಬಿಣವಾಗದು. ಅಂತೆಯೇ ಗುರುಸ್ಪರ್ಶ ಪಡೆದವನ ಹಿಂದಿನ ಜಾತಿಯನ್ನು ಅರಸಲಾಗದು. ಬಸವಕಲ್ಯಾಣದ ಪರುಷಕಟ್ಟೆಯ ಹೆಸರಿನಲ್ಲಿ ಈ ಕಲ್ಪನೆ ಬಸವಣ್ಣನವರ ನೆನಪಿನೊಡನೆ ಇಂದಿಗೂ ಉಳಿದಿದೆ. ಜಾತಿಯನ್ನು ಅಳಿಸುವ ಈ ರೂಪಕದ ಸಾಮಾಜಿಕ ಮಹತ್ವ ನಿರ್ವಿವಾದ. ಆದರೂ ಅದಕ್ಕೊಂದು ಮಿತಿಯಿದೆ. ಪರುಷ ಮುಟ್ಟಿದ ಕಬ್ಬಿಣವು ಹೊನ್ನಾಗುತ್ತದೆಯೇ ಹೊರತು ಇನ್ನೊಂದು ಪರುಷವಾಗುವುದಿಲ್ಲ. ಬದಲಿಸುವ ಶಕ್ತಿ ಮುಟ್ಟುವವನಲ್ಲೇ ಉಳಿಯುತ್ತದೆ; ಬದಲಾಗುವುದಕ್ಕೆ ತನ್ನದೇ ಆದ ದುಡಿಮೆಯಿಲ್ಲ.

ಈ ನೆಲದ ಚರಿತ್ರೆಯಾದರೋ ಬೇರೊಂದು ಸಂಬಂಧವನ್ನು ಹೇಳುತ್ತದೆ. ಮಸ್ಕಿಯ 1954ರ ಉತ್ಖನನದಲ್ಲಿ ತಾಮ್ರ-ಶಿಲಾಯುಗದ ಪದರದ ಮೇಲೆ ಕಬ್ಬಿಣ ಬಳಸಿದ ಬೃಹತ್ ಶಿಲಾ ಸಂಸ್ಕೃತಿಯ ಪದರ ಕಂಡುಬಂದಿತು. ಅಶೋಕನ ಹೆಸರನ್ನು ಹೊತ್ತ ಮಸ್ಕಿಯ ಶಾಸನವನ್ನು 1915ರಲ್ಲಿ ಗುರುತಿಸಿದವನು ಚಿನ್ನದ ಅನ್ವೇಷಣೆಯಲ್ಲಿದ್ದ ಇಂಜಿನಿಯರ್ ಬೀಡನ್. ಲಿಂಗಸುಗೂರು ತಾಲ್ಲೂಕಿನ ಹಟ್ಟಿಯಲ್ಲಿ ಪ್ರಾಚೀನರು ಬಂಡೆಯನ್ನು ಬೆಂಕಿಯಿಂದ ಕಾಯಿಸಿ, ನೀರೆರೆದು ಬಿರುಕುಗೊಳಿಸಿ ಆಳಕ್ಕಿಳಿದಿದ್ದರು. ಇಂದಿಗೂ ಒಂದು ಟನ್ ಅದಿರನ್ನು ಅರೆದರೆ ದೊರೆಯುವುದು ಕೆಲವೇ ಗ್ರಾಂ ಚಿನ್ನ. ಕಥೆಯಲ್ಲಿ ಕಬ್ಬಿಣ ಹೊನ್ನಾಗುತ್ತದೆ. ಗಣಿಯಲ್ಲಿ ಕಬ್ಬಿಣ ಹೊನ್ನನ್ನು ಅಗೆದು ತೆಗೆಯುತ್ತದೆ. ಅಗೆಯುವವನ ಕೈಯನ್ನು ಪರುಷದ ಕಥೆ ಮರೆಮಾಡಿದೆ.

ಹೀಗೆ ಮರೆಯಾದುದನ್ನು ಇದೇ ತಾಲ್ಲೂಕಿನ ಇನ್ನೊಂದು ಕಥನ ಎತ್ತಿ ಹಿಡಿಯುತ್ತದೆ. ಆಯ್ದಕ್ಕಿ ಮಾರಯ್ಯ ಮತ್ತು ಲಕ್ಕಮ್ಮ ದಂಪತಿಗಳು ಗುರುಗುಂಟಾ ಅಮರೇಶ್ವರದವರು ಎಂಬುದು ಪರಂಪರೆಯ ನಂಬಿಕೆ. ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ದಾಸೋಹ ನಡೆಸುವುದು ಮಾರಯ್ಯನ ಕಾಯಕ. ಒಂದು ದಿನ ಆತ ಎಂದಿಗಿಂತ ಹೆಚ್ಚು ಅಕ್ಕಿ ತಂದಾಗ, ಹೆಚ್ಚಾದುದನ್ನು ತಂದಲ್ಲಿಗೇ ಮರಳಿಸುವಂತೆ ಲಕ್ಕಮ್ಮ ಹೇಳುತ್ತಾಳೆ. ಈ ಪ್ರಸಂಗವನ್ನು ಸಾಮಾನ್ಯವಾಗಿ ನಿರಾಸೆಯ ಬೋಧೆಯೆಂದು ಓದಲಾಗುತ್ತದೆ. ಪರುಷದ ಪಕ್ಕದಲ್ಲಿಟ್ಟಾಗ ಅದು ಪ್ರತಿಕಥನವಾಗುತ್ತದೆ. ದುಡಿಮೆಯ ಅಳತೆಯನ್ನು ಮೀರಿ ಬಂದ ಸಂಪತ್ತು, ಯಾರ ಕೃಪೆಯಿಂದ ಬಂದರೂ, ಇಲ್ಲಿ ಸಂದೇಹಕ್ಕೆ ಒಳಗಾಗುತ್ತದೆ. ಆ ಅಳತೆಯನ್ನು ಹಿಡಿದವಳು ಹೆಣ್ಣು ಎಂಬುದೂ ಗಮನಾರ್ಹ.

ಜನಪದ ಆಚರಣೆಗಳೂ ಕಬ್ಬಿಣವನ್ನು ಕೀಳೆಂದು ಬಗೆದಿಲ್ಲ. ಬಾಣಂತಿಯ ತಲೆದೆಸೆಯಲ್ಲಿ ಕಾವಲಿಗೆಂದು ಇಡುವುದು ಕಬ್ಬಿಣವನ್ನೇ ಹೊರತು ಚಿನ್ನವನ್ನಲ್ಲ. ದಸರೆಯಲ್ಲಿ ಆಯುಧಗಳಿಗೆ ಪೂಜೆ ಸಲ್ಲುತ್ತದೆ. ಮರುದಿನ ಬನ್ನಿಯ ಎಲೆ ಬಂಗಾರವಾಗುತ್ತದೆ. ಪಾಂಡವರು ಆಯುಧಗಳನ್ನು ಬಚ್ಚಿಟ್ಟ ಮರವೆಂದು ನಂಬಲಾದ ಬನ್ನಿಯೇ ಇಲ್ಲಿ ಬಂಗಾರ ಕೊಡುತ್ತದೆ. ಈ ಬಂಗಾರ ಕೂಡಿಡಲು ಬಾರದು, ಕೊಟ್ಟು ಕೊಂಡಾಗ ಮಾತ್ರ ಬಂಗಾರ. ಕಿರಿಯರು ಹಿರಿಯರಿಗೆ ಎಲೆ ಕೊಟ್ಟು ನಮಸ್ಕರಿಸಿ ‘ಬಂಗಾರದಂಗ ಇರೋಣ’ ಎನ್ನುವಲ್ಲಿ ಮಾರ್ಪಾಡಾಗುವುದು ವಸ್ತುವಲ್ಲ, ಸಂಬಂಧ. ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಬಂದು ಭತ್ತದ ಸೀಮೆಯಾದ ಸಿಂಧನೂರಿನಲ್ಲಿಯೂ ಗಣಿಯ ನೆರೆಯ ಊರುಗಳಲ್ಲಿಯೂ ಈ ಆಚರಣೆ ಒಂದೇ ಅರ್ಥದಲ್ಲಿ ನಡೆಯುತ್ತದೆ.

ಆದ್ದರಿಂದ ಪರುಷವನ್ನು ಒಂಟಿ ಆಶಯವಾಗಿ ವರ್ಗೀಕರಿಸಿ ಬಿಡುವ ಕ್ರಮವನ್ನು ನಾವು ಮರುಪರಿಶೀಲಿಸಬೇಕಾಗಿದೆ. ಸ್ಪರ್ಶದಿಂದ ಬರುವ ಹೊನ್ನು, ಕಾಯಕ ಒಪ್ಪುವ ಅಕ್ಕಿ, ಕೊಡುಕೊಳ್ಳುವಿಕೆಯಲ್ಲಿ ಹುಟ್ಟುವ ಬನ್ನಿ ಬಂಗಾರ ಇವು ಮೂರೂ ಒಂದೇ ಸೀಮೆಯಲ್ಲಿ ಪರಸ್ಪರ ವಾದಕ್ಕಿಳಿದಿವೆ. ಕೋಲಾರದ ಗಣಿ 2001ರಲ್ಲಿ ಮುಚ್ಚಿದ ಬಳಿಕ ರಾಜ್ಯದ ಚಿನ್ನದ ಮಾತು ಹಟ್ಟಿಯನ್ನೇ ಆಶ್ರಯಿಸಿದೆ. ಅಲ್ಲಿನ ಸುರಂಗಗಳಲ್ಲಿ ದುಡಿದವರು ಹೊನ್ನನ್ನು ಕುರಿತು ಹೇಳಿಕೊಳ್ಳುವ ಕಥೆ, ಗಾದೆ, ನಂಬಿಕೆಗಳನ್ನು ವಚನಗಳ ಪರುಷದೊಡನೆ ಇಟ್ಟು ಓದಿದಾಗ ಮಾತ್ರ ಈ ವಾದದ ಮುಖ್ಯ ಪಕ್ಷವೊಂದರ ಮಾತು ನಮಗೆ ಕೇಳಿಸೀತು. ಪ್ರಾದೇಶಿಕ ಜಾನಪದ ಅಧ್ಯಯನದ ಮುಂದಿರುವ ಹೊಣೆ ಇದು.