ಎಸ್‌ಪಿಎಫ್ ಬಿಡಿ, ಬಣ್ಣ ನೋಡಿ

ಮಾಲ್‌ಗಳ ಕಾಸ್ಮೆಟಿಕ್ಸ್ ಕೌಂಟರಿನಲ್ಲಿ ನಿಲ್ಲುವ ಹುಡುಗಿಯರಿಗೆ ಬಾಯಿಪಾಠವಾಗಿರುವ ಒಂದು ಮಾತಿದೆ: “ಮೇಡಂ, ಈ ಫೌಂಡೇಶನ್‌ನಲ್ಲೇ ಎಸ್‌ಪಿಎಫ್ 30 ಇದೆ, ಬೇರೆ ಸನ್‌ಸ್ಕ್ರೀನ್ ಬೇಕಾಗಲ್ಲ.” ಪಾಪ, ಅವರು ಸುಳ್ಳು ಹೇಳುತ್ತಿಲ್ಲ. ಬಾಟಲಿಯ ಮೇಲೆ ಹಾಗೇ ಅಚ್ಚಾಗಿದೆ. ಆ 30 ನಮ್ಮ ಮುಖಕ್ಕೆ ದಕ್ಕಬೇಕಾದರೆ ಎಷ್ಟು ಬಳಿಯಬೇಕು ಎಂಬುದನ್ನು ಮಾತ್ರ ಯಾರೂ ಹೇಳುವುದಿಲ್ಲ.

ಪ್ರಯೋಗಾಲಯದಲ್ಲಿ ಎಸ್‌ಪಿಎಫ್ ಅಳೆಯುವಾಗ ಚರ್ಮದ ಪ್ರತಿ ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ ಹಚ್ಚುತ್ತಾರೆ. ಮುಖದ ವಿಸ್ತಾರ ಸುಮಾರು 600 ಚದರ ಸೆಂಟಿಮೀಟರ್ ಎಂದಿಟ್ಟುಕೊಂಡರೆ 1.2 ಗ್ರಾಂ ಬೇಕು. ಈ ಲೆಕ್ಕ ಹಿಡಿದರೆ 30 ಮಿಲಿಲೀಟರಿನ ಫೌಂಡೇಶನ್ ಬಾಟಲಿ 25 ದಿನಕ್ಕೆ ಖಾಲಿಯಾಗಬೇಕು. 9 ಗ್ರಾಂ ಕಾಂಪ್ಯಾಕ್ಟ್ ಒಂದು ವಾರ ಬಂದರೆ ಹೆಚ್ಚು. ನಮ್ಮ ಮನೆಗಳಲ್ಲಿ ಕಾಂಪ್ಯಾಕ್ಟ್ ಕೆಳಗೆ ಬಿದ್ದು ಒಡೆದು ಹೋಗುತ್ತದೆಯೇ ಹೊರತು ಮುಗಿದು ಹೋದ ಉದಾಹರಣೆ ಅಪರೂಪ. ಇನ್ನು, ಎಸ್‌ಪಿಎಫ್ 30ರ ಸನ್‌ಸ್ಕ್ರೀನ್ ಮೇಲೆ 15ರ ಫೌಂಡೇಶನ್ ಹಚ್ಚಿದರೆ 45 ಆಗುತ್ತದೆ ಎಂದು ಕೂಡಿಸುವವರೂ ಇದ್ದಾರೆ. ಈ ಅಂಕಿಗಳು ಹಾಗೆ ಕೂಡುವುದಿಲ್ಲ. ಮೇಕಪ್ಪಿನ ಡಬ್ಬಿಯ ಮೇಲಿನ ಎಸ್‌ಪಿಎಫ್‌ಗೆ ಹೆಚ್ಚು ದುಡ್ಡು ಕೊಡಬೇಡಿ ಎನ್ನುವುದೇ ನನ್ನ ಸಲಹೆ.

ಹಾಗಾದರೆ ಕೆಲಸ ಮಾಡಬೇಕಾದ್ದು ಸನ್‌ಸ್ಕ್ರೀನೇ. ಅಳತೆಗೆ ಸುಲಭದ ದಾರಿ 2002ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್‌ಗೆ ಬರೆದ ಇಬ್ಬರು ತಜ್ಞರದು: ತೋರುಬೆರಳು, ನಡುಬೆರಳುಗಳ ಉದ್ದಕ್ಕೂ ಒಂದೊಂದು ಗೆರೆ ಹಿಂಡಿಕೊಂಡರೆ ತಲೆ, ಮುಖ, ಕತ್ತಿಗೆ ಸಾಕು. ಮೊದಲ ಸಲ ಹಿಂಡಿದಾಗ ‘ಇಷ್ಟೊಂದಾ?’ ಅನ್ನಿಸುವುದು ಸಹಜ. ಒಂದೇ ಸಲ ಬಳಿಯದೆ ಒಂದು ಬೆರಳಿನದು ಹಚ್ಚಿ, ಅದು ಕೂತ ಮೇಲೆ ಇನ್ನೊಂದು ಬೆರಳಿನದು ಹಚ್ಚಿ. ಕಿವಿಯ ಅಂಚು, ಕೂದಲು ಹುಟ್ಟುವ ಗೆರೆ, ರವಿಕೆಯ ಹಿಂಬದಿ ತೆರೆದಿರುವ ಕತ್ತು, ಇವು ಸಾಮಾನ್ಯವಾಗಿ ತಪ್ಪಿಹೋಗುವ ಜಾಗಗಳು. ದಿನಾ ಹಚ್ಚುತ್ತೇನೆ ಎನ್ನುವವರ 50 ಗ್ರಾಂ ಟ್ಯೂಬು ಆರು ತಿಂಗಳು ಬಾಳಿದರೆ ಅವರು ಹಚ್ಚುತ್ತಿರುವುದು ಸನ್‌ಸ್ಕ್ರೀನಿನ ವಾಸನೆಯನ್ನಷ್ಟೇ.

ಬೆಂಗಳೂರಿನ ಹವೆ ಈ ವಿಷಯದಲ್ಲಿ ಮೋಸಗಾತಿ. ತಣ್ಣನೆ ಗಾಳಿ ಬೀಸುತ್ತದೆ, ಬಿಸಿಲು ಚುರುಕೆನಿಸುವುದಿಲ್ಲ. ಆದರೆ ಊರು ಇರುವುದು 13 ಡಿಗ್ರಿ ಅಕ್ಷಾಂಶದಲ್ಲಿ, ಸಮುದ್ರಮಟ್ಟದಿಂದ 900 ಮೀಟರಿನ ಆಸುಪಾಸಿನಲ್ಲಿ. ಏಪ್ರಿಲ್ 24ರ ಸುಮಾರಿಗೆ ಒಮ್ಮೆ, ಆಗಸ್ಟ್ 18ರ ಸುಮಾರಿಗೆ ಮತ್ತೊಮ್ಮೆ ಮಧ್ಯಾಹ್ನದ ಸೂರ್ಯ ನೆತ್ತಿಯ ಮೇಲೇ ನಿಂತು ನೆರಳು ಕಾಲಡಿಗೆ ಸರಿಯುತ್ತದೆ. ನೇರಳಾತೀತ ಕಿರಣಕ್ಕೆ ಸೆಖೆಯ ಹಂಗಿಲ್ಲ.

ಈಗ ಪದರಗಳ ಮಾತು. ಸನ್‌ಸ್ಕ್ರೀನ್ ಅಂದರೆ ಚರ್ಮದ ಮೇಲೆ ಒಂದೇ ಸಮನೆ ಹರಡಿ ಒಣಗಬೇಕಾದ ತೆಳುಪೊರೆ. ಎಲ್ಲಿ ಪೊರೆ ಹರಿಯಿತೋ ಅಲ್ಲಿ ರಕ್ಷಣೆ ಹೋಯಿತು. ಸುಣ್ಣ ಹೊಡೆದ ಗೋಡೆ ಒಣಗುವ ಮೊದಲೇ ಇನ್ನೊಂದು ಬ್ರಷ್ ಎಳೆದರೆ ಕೆಳಗಿನ ಸುಣ್ಣವೂ ಎದ್ದುಬರುವುದಿಲ್ಲವೇ, ಇಲ್ಲಿಯೂ ಅದೇ ಕತೆ. ಆದ್ದರಿಂದ ಮಾಯಿಶ್ಚರೈಸರ್ ಮೊದಲು, ಸನ್‌ಸ್ಕ್ರೀನ್ ಆರೈಕೆಯ ಕೊನೆಗೆ, ಆಮೇಲೆ ಬಿಡುವು. ತಿಂಡಿ ತಿಂದು ಕಾಫಿ ಮುಗಿಸುವಷ್ಟು ಹೊತ್ತು ಬಿಟ್ಟರೆ ಸಾಕು. ಬಳಿಕ ಫೌಂಡೇಶನ್ ಬೇಕಿದ್ದರೆ ಒದ್ದೆ ಸ್ಪಂಜಿನಲ್ಲಿ ಒತ್ತಿ ಒತ್ತಿ ಕೂರಿಸಿ. ಬ್ರಷ್ಷಿನಲ್ಲಿ ಸುತ್ತಿಸುವುದು, ಬೆರಳಿನಲ್ಲಿ ತಿಕ್ಕುವುದು ಬೇಡ. ಎರಡನ್ನೂ ಅಂಗೈಯಲ್ಲೇ ಕಲಸಿ ಒಮ್ಮೆಗೇ ಹಚ್ಚುವ ವಿಡಿಯೊಗಳು ನೋಡಲು ಚೆಂದ. ಆದರೆ ಕಂಪನಿ ಅಳೆದದ್ದು ಟ್ಯೂಬಿನಲ್ಲಿದ್ದ ಕ್ರೀಮನ್ನು, ನಿಮ್ಮ ಅಂಗೈಯ ಮಿಶ್ರಣವನ್ನಲ್ಲ.

ಎಷ್ಟೋ ಜನ ಸನ್‌ಸ್ಕ್ರೀನ್ ಕೈಬಿಡುವುದು ದವಡೆಯಂಚಿನ ಕಿರಿಕಿರಿಗೆ. ಫೌಂಡೇಶನ್ ಹಚ್ಚುತ್ತಿದ್ದಂತೆ ಕಿವಿಯ ಕೆಳಗೆ, ಗದ್ದದ ಪಕ್ಕ, ಮೂಗಿನ ಇಕ್ಕೆಲಗಳಲ್ಲಿ ಮಾಸಲು ಬಣ್ಣದ ಸಣ್ಣ ಸಣ್ಣ ಎಳೆಗಳು ಸುರುಳಿ ಸುತ್ತಿಕೊಂಡು ಏಳುತ್ತವೆ. ಒರೆಸಿದಷ್ಟೂ ಹೆಚ್ಚುತ್ತವೆ. ಸತ್ತ ಚರ್ಮ ಎದ್ದುಬರುತ್ತಿದೆ ಎಂದು ಹೆದರಿ ಸ್ಕ್ರಬ್ ಕೊಂಡವರನ್ನು ನೋಡಿದ್ದೇನೆ. ಅದು ಚರ್ಮವಲ್ಲ, ಒಂದಕ್ಕೊಂದು ಹೊಂದದ ಕ್ರೀಮುಗಳು. ಅಂಟಿನ ಗುಣದ ಜೆಲ್ ಕೆಳಗಿದ್ದು ಸಿಲಿಕೋನ್ ಹೆಚ್ಚಿರುವ ಪ್ರೈಮರ್ ಮೇಲೆ ಬಂದರೆ, ಅಥವಾ ಕೆಳಪದರ ಆರುವ ಮೊದಲೇ ತಿಕ್ಕಿದರೆ ಹೀಗಾಗುತ್ತದೆ. ಮದ್ದು ಸರಳ: ಪದರ ಕಡಿಮೆ ಮಾಡಿ. ಬೆಳಿಗ್ಗೆ ಎರಡು ಸೀರಮ್, ಜೆಲ್, ಮಾಯಿಶ್ಚರೈಸರ್, ಸನ್‌ಸ್ಕ್ರೀನ್, ಪ್ರೈಮರ್ ಎಲ್ಲ ಹೊರುವಷ್ಟು ನಮ್ಮ ಮುಖವೂ ಗಟ್ಟಿಯಿಲ್ಲ, ನಮ್ಮ ಬೆಳಗೂ ಉದ್ದವಿಲ್ಲ. ನನ್ನ ಮಟ್ಟಿಗೆ ಪ್ರೈಮರ್ ದಂಡದ ಖರ್ಚು. ಒಳ್ಳೆಯ ಸನ್‌ಸ್ಕ್ರೀನ್ ಒಣಗಿ ಕೂತರೆ ಪ್ರೈಮರಿನ ಕೆಲಸವನ್ನು ಅದೇ ಮಾಡುತ್ತದೆ. ಹೊಸ ಜೋಡಿ ಹೊಂದುತ್ತದೋ ಇಲ್ಲವೋ ಎಂದು ನೋಡಲು ಮುಂಗೈಯ ಒಳಬದಿ ಇದ್ದೇ ಇದೆ. ಮಂಗಳೂರು, ಕಾರವಾರದ ಬೆವರಿಗೆ ಮಾಯಿಶ್ಚರೈಸರನ್ನೂ ಬಿಟ್ಟು ನೀರಿನಂತಹ ಸನ್‌ಸ್ಕ್ರೀನ್ ಒಂದನ್ನೇ ಹಚ್ಚಬಹುದು. ಕಲಬುರಗಿಯ ಒಣಬಿಸಿಲಿಗೆ ಅದು ನಡೆಯದು, ಅಲ್ಲಿ ಕೆಳಗೆ ಕೆನೆಯಂಥದ್ದು ಬೇಕೇ ಬೇಕು.

ಇಷ್ಟು ಹೊತ್ತು ಫೌಂಡೇಶನ್ನನ್ನು ಬೈದದ್ದಾಯಿತು. ಅದರ ಪರವಾಗಿಯೂ ಹೇಳಬೇಕಾದ ಮಾತೊಂದಿದೆ, ಅದೂ ನಮ್ಮಂಥ ಕಂದುಮೈಯವರಿಗೆ. ಸನ್‌ಸ್ಕ್ರೀನುಗಳು ತಡೆಯುವುದು ಮುಖ್ಯವಾಗಿ ನೇರಳಾತೀತ ಕಿರಣಗಳನ್ನು. ಆದರೆ ನಮ್ಮ ಚರ್ಮವನ್ನು ಕಪ್ಪಾಗಿಸುವುದು ಅವು ಮಾತ್ರವಲ್ಲ. ಡೆಟ್ರಾಯಿಟ್‌ನ ಹೆನ್ರಿ ಫೋರ್ಡ್ ಆಸ್ಪತ್ರೆಯ ಚರ್ಮತಜ್ಞರ ತಂಡ 2010ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಕಣ್ಣಿಗೆ ಕಾಣುವ ಮಾಮೂಲಿ ಬೆಳಕೂ ಕಂದು ಮತ್ತು ಕಪ್ಪು ಚರ್ಮದ ಮೇಲೆ ಬಹಳ ದಿನ ಉಳಿಯುವ ಕಪ್ಪನ್ನು ಮೂಡಿಸಿತು. ಬಿಳಿಚರ್ಮದವರಲ್ಲಿ ಅದು ಕಾಣಲಿಲ್ಲ. ಕೆನ್ನೆಯ ಮೇಲೆ ಬಂಗು ಇರುವವರು ಎಸ್‌ಪಿಎಫ್ 50 ಹಚ್ಚಿದರೂ ಕಲೆ ಜಗ್ಗದಿರುವುದಕ್ಕೆ ಇದೂ ಒಂದು ಕಾರಣ. ಬಣ್ಣವಿಲ್ಲದ ಕ್ರೀಮು ಈ ಬೆಳಕನ್ನು ಹೆಚ್ಚೇನೂ ತಡೆಯಲಾರದು. ಕಣ್ಣಿಗೆ ಕಾಣುವ ಬೆಳಕನ್ನು ತಡೆಯುವ ವಸ್ತು ತಾನೂ ಕಣ್ಣಿಗೆ ಕಾಣಲೇಬೇಕು. ತಡೆಯಬಲ್ಲದ್ದು ಐರನ್ ಆಕ್ಸೈಡ್, ಅಂದರೆ ಫೌಂಡೇಶನ್ನಿಗೆ ಮೈಬಣ್ಣ ಕೊಡುವ ಕೆಂಪು, ಹಳದಿ, ಕಪ್ಪು ಪುಡಿಗಳು. ಮೆಕ್ಸಿಕೊದಲ್ಲಿ ಬಂಗಿಗೆ ಚಿಕಿತ್ಸೆ ಪಡೆಯುತ್ತಿದ್ದವರಲ್ಲಿ ಐರನ್ ಆಕ್ಸೈಡ್ ಇರುವ ಸನ್‌ಸ್ಕ್ರೀನ್ ಹಚ್ಚಿದವರಿಗೆ ಹೆಚ್ಚು ಗುಣ ಕಂಡದ್ದನ್ನು 2014ರ ಇನ್ನೊಂದು ಪ್ರಯೋಗ ದಾಖಲಿಸಿದೆ.

ಹಾಗಾಗಿ ಡಬ್ಬಿಯ ಮುಂಭಾಗದ ಎಸ್‌ಪಿಎಫ್ ಓದುವುದು ಬಿಟ್ಟು ಹಿಂದೆ ತಿರುಗಿಸಿ. ಪದಾರ್ಥಗಳ ಪಟ್ಟಿಯ ಕೊನೆಯಲ್ಲಿ ಸಿಐ 77491, 77492, 77499 ಎಂಬ ಸಂಖ್ಯೆಗಳಿದ್ದರೆ ಅವೇ ಐರನ್ ಆಕ್ಸೈಡುಗಳು. ಬಂಗು ಇರುವವರು ಬಣ್ಣದ ಸನ್‌ಸ್ಕ್ರೀನ್ ಹಚ್ಚಬಹುದು, ಇಲ್ಲವೇ ಮಾಮೂಲಿ ಸನ್‌ಸ್ಕ್ರೀನ್ ಮೇಲೆ ಮುಖ ಚೆನ್ನಾಗಿ ಮುಚ್ಚುವ ಫೌಂಡೇಶನ್. ತೆಳ್ಳಗೆ ಹಚ್ಚಿ ‘ನ್ಯಾಚುರಲ್ ಲುಕ್’ ಎಂದು ಬೀಗುವವರಿಗೆ ಈ ಲಾಭ ಅಷ್ಟಾಗಿ ಸಿಗದು. ಆದರೆ ಇಲ್ಲೊಂದು ತೊಡಕಿದೆ. ಬಣ್ಣದ ಸನ್‌ಸ್ಕ್ರೀನುಗಳು ಹೆಚ್ಚಾಗಿ ಒಂದೋ ಎರಡೋ ಛಾಯೆಗಳಲ್ಲಿ ಬರುತ್ತವೆ, ಅದೂ ಗೋಧಿಬಣ್ಣದವರಿಗೆ. ಗಾಢ ಮೈಬಣ್ಣದವರ ಮುಖದಲ್ಲಿ ಬೂದಿ ಬಳಿದಂತೆ ಕಾಣುತ್ತದೆ. ಅವರಿಗೆ ಛಾಯೆ ಹೊಂದುವ ಫೌಂಡೇಶನ್ನೇ ಲೇಸು.

ಎರಡು ಗಂಟೆಗೊಮ್ಮೆ ಮತ್ತೆ ಹಚ್ಚಬೇಕು ಎಂಬ ನಿಯಮ ಬಿಸಿಲಿನಲ್ಲಿ ಇರುವವರಿಗೆ. ಬೆಳಿಗ್ಗೆ ಆಫೀಸು ಹೊಕ್ಕು ಸಂಜೆ ಕತ್ತಲಿಗೆ ಹೊರಬೀಳುವವರು ಗಡಿಯಾರ ನೋಡುತ್ತ ಕೂರಬೇಕಿಲ್ಲ. ಆದರೆ ಕಿಟಕಿ ಪಕ್ಕದ ಕುರ್ಚಿಯಾದರೆ, ಕಾರೋಡಿಸುವವರಾದರೆ ಮಾತು ಬೇರೆ. ನೇರಳಾತೀತ ಕಿರಣಗಳಲ್ಲಿ ಯುವಿಬಿಯನ್ನು ಗಾಜು ನಿಲ್ಲಿಸುತ್ತದೆ, ಯುವಿಎ ಸಾಕಷ್ಟು ಒಳಗೆ ಬರುತ್ತದೆ. 28 ವರ್ಷ ಟ್ರಕ್ ಓಡಿಸಿದ ಅಮೆರಿಕದ ಚಾಲಕರೊಬ್ಬರ ಚಿತ್ರ 2012ರಲ್ಲಿ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಬಂತು: ಎಡಗೆನ್ನೆ ಬಲಗೆನ್ನೆಗಿಂತ ಎಷ್ಟೋ ವರ್ಷ ಮುದಿಯಾಗಿ ಕಾಣುತ್ತದೆ. ನಮ್ಮ ಚಾಲಕರ ಕಿಟಕಿ ಇರುವುದು ಬಲಕ್ಕೆ.

ಮೇಕಪ್ ಮೇಲೆ ಮತ್ತೆ ಸನ್‌ಸ್ಕ್ರೀನ್ ಹಚ್ಚುವುದು ನಿಜಕ್ಕೂ ಕಷ್ಟದ ಕೆಲಸ. ಕೊರಿಯಾದ ಅಮೋರೆಪೆಸಿಫಿಕ್ ಕಂಪನಿ ತನ್ನ ಐಒಪಿಇ ಬ್ರಾಂಡಿನಲ್ಲಿ 2008ರಲ್ಲಿ ತಂದ ಕುಶನ್, ಅಂದರೆ ಸನ್‌ಸ್ಕ್ರೀನ್ ಇರುವ ಕ್ರೀಮು ನೆನೆಸಿದ ಸ್ಪಂಜಿನ ಡಬ್ಬಿ, ಹುಟ್ಟಿದ್ದೇ ಈ ಕಷ್ಟಕ್ಕೆ ಉತ್ತರವಾಗಿ. ಅದನ್ನು ರೂಪಿಸಿದವರಿಗೆ ಪ್ರೇರಣೆ ಪಾರ್ಕಿಂಗ್ ಚೀಟಿಗೆ ಒತ್ತುವ ಮೊಹರಿನ ಇಂಕ್ ಪ್ಯಾಡ್. ಈಗಲೂ ನನ್ನ ಆಯ್ಕೆ ಕುಶನ್ನೇ. ಮೊದಲು ಟಿಶ್ಯೂ ಒತ್ತಿ ಜಿಡ್ಡು ತೆಗೆದು, ಆಮೇಲೆ ಕೆನ್ನೆಯ ಮೂಳೆ, ಮೂಗು, ಹಣೆಗೆ ಎರಡೆರಡು ಸಲ ಒತ್ತುವುದು. ಸ್ಟಿಕ್ ಕೂಡ ಆದೀತು, ಆದರೆ ಎಳೆದಾಗ ಫೌಂಡೇಶನ್ ಪಟ್ಟೆಪಟ್ಟೆಯಾಗಿ ಏಳುತ್ತದೆ. ಪುಡಿ ಮತ್ತು ಸ್ಪ್ರೇ ಸಮಾಧಾನಕ್ಕೆ ಮಾತ್ರ; ಸ್ಪ್ರೇಯಲ್ಲಿ ಅರ್ಧ ಗಾಳಿಗೇ ಹೋಗುತ್ತದೆ. ಜಾತ್ರೆ, ಮದುವೆ ದಿಬ್ಬಣ ಎಂದು ಗಂಟೆಗಟ್ಟಲೆ ಬಿಸಿಲಲ್ಲಿ ನಿಲ್ಲುವ ದಿನ ಇವು ಯಾವುದನ್ನೂ ನಂಬದೆ ಕೊಡೆ ಹಿಡಿಯುವುದೇ ಸರಿ.

ರಾತ್ರಿ ಇದೆಲ್ಲ ಬರೀ ಫೇಸ್‌ವಾಶಿಗೆ ಹೋಗುವುದಿಲ್ಲ. ಕ್ಲೆನ್ಸಿಂಗ್ ಬಾಮ್ ಅಥವಾ ಎಣ್ಣೆಯನ್ನು ಒಣ ಕೈಯಿಂದ ಒಣ ಮುಖಕ್ಕೇ ತಿಕ್ಕಿ. ನೀರು ಸೋಕಿದ ಮುಖದಲ್ಲಿ ಅದು ಮೇಕಪ್ಪನ್ನು ಕರಗಿಸುವ ಮೊದಲೇ ಹಾಲಿನಂತಾಗಿ ಜಾರುತ್ತದೆ. ಅದು ಹೋದ ಮೇಲೆ ಫೇಸ್‌ವಾಶ್. ಮನೆಯಲ್ಲಿರುವ ಕೊಬ್ಬರಿಎಣ್ಣೆಯಿಂದಲೂ ಮೇಕಪ್ ಬಿಡುತ್ತದೆ ನಿಜ, ಆದರೆ ಅದು ತಾನು ಸುಲಭಕ್ಕೆ ಬಿಡುವುದಿಲ್ಲ. ಮೊಡವೆ ಏಳುವ ಮುಖದವರು ಅದನ್ನು ತಲೆಗೇ ಇಟ್ಟುಕೊಳ್ಳಿ.